ಹೊಲಿಗೆ ಮಿಷನ್ನು

ಜುಲೈ 14, 2025, ಸೋಮವಾರ, ರಾತ್ರಿ 11.30

ಆಫೀಸಿನ ಸುದ್ದಿ ಇವತ್ತು ಬೇಡವೇ ಬೇಡ. ಊಟ ಮುಗಿಸಿ ಎರ್ಮ್ಲರನ 'ಸಾಮ್ರಾಜ್ಯದ ಚೂರು' ಹಾಕಿಕೊಂಡು ಕೂತೆ. 1929ರ ರಷ್ಯನ್ ಮೂಕಿ ಚಿತ್ರ. ಮೊದಲ ಮಹಾಯುದ್ಧದಲ್ಲಿ ನೆನಪು ಕಳೆದುಕೊಂಡ ಫಿಲಿಮೊನೊವ್ ಅನ್ನೋ ಸಿಪಾಯಿ, ತನ್ನ ಹೆಸರೂ ಗೊತ್ತಿಲ್ಲದೆ ಯಾವುದೋ ರೈಲ್ವೆ ಸ್ಟೇಷನ್ನಿನಲ್ಲಿ ಚಾಕರಿ ಮಾಡಿಕೊಂಡಿದ್ದಾನೆ. ಒಂದಿನ ರೈಲಿನ ಕಿಟಕಿಯಲ್ಲಿ ಹೆಂಡತಿಯ ಮುಖ ಕಾಣುತ್ತೆ.

ಆಮೇಲೆ ಹೊಲಿಗೆ ಮಿಷನ್ನು. ಚಕ್ರ ತಿರುಗ್ತಾ ತಿರುಗ್ತಾ ಅದೇ ಮೆಷಿನ್‌ಗನ್ ಆಗಿಬಿಡುತ್ತೆ. ಸದ್ದೇ ಇಲ್ಲದ ಚಿತ್ರದಲ್ಲಿ ನನಗೆ ಟಕಟಕ ಕೇಳಿಸಿತು! ಮೈ ಜುಮ್ಮೆಂದಿತು. ನೋಡಿದರೆ ಪಕ್ಕದ ರೂಮಲ್ಲಿ ಅಮ್ಮ ಚಿಕ್ಕಮ್ಮನ ಬ್ಲೌಸ್ ಹೊಲೀತಿದ್ದಾಳೆ.

ನೀರು ಕುಡಿಯೋಕೆ ಬಂದವಳು ನನ್ನ ಬೆನ್ನ ಹಿಂದೆ ನಿಂತಳು. "ಯಾರೋ ಇವನು, ಹಿಂಗ್ ಕಣ್ ಬಿಡ್ತಾನೆ?"

ಹೇಳಿದೆ. ತ್ಸಾರ್ ದೊರೆಯ ಕಾಲದಲ್ಲಿ ಯುದ್ಧಕ್ಕೆ ಹೋದವನು ವಾಪಸ್ ಬಂದು ಪೀಟರ್ಸ್‌ಬರ್ಗ್ ಎಲ್ಲಿ ಅಂತಾನೆ. ಆ ಊರು 1914ರಲ್ಲಿ ಪೆಟ್ರೊಗ್ರಾಡ್ ಆಗಿ, 1924ರಲ್ಲಿ ಲೆನಿನ್‌ಗ್ರಾಡೂ ಆಗಿದೆ. ಕ್ರಾಂತಿಯಾಗಿ ಕಾರ್ಖಾನೆ ಕೆಲಸಗಾರರ ಕೈಗೆ ಬಂದಿದ್ದು ಗೊತ್ತಿಲ್ಲದೆ, ಅಲ್ಲಿ ಹೋಗಿ ಇಲ್ಲಿ ಯಜಮಾನರು ಯಾರು ಅಂತ ಹುಡುಕ್ತಾನೆ. ಹೆಂಡತಿಗೆ ಇನ್ನೊಂದು ಮದುವೆಯಾಗಿದೆ.

"ಪಾಪ" ಅಂದೆ.

"ಯಾರು?"

"ಅವನೇ."

"ಅವಳು ಎಷ್ಟು ವರ್ಷ ಕಾದಿದ್ಲೋ."

ಆ ಲೆಕ್ಕ ನಾನು ಹಾಕಿರಲಿಲ್ಲ.

"ಎರಡನೇ ಗಂಡ ಹೆಂಗೆ?"

"ಹೊರಗೆ ಭಾಷಣ. ಮನೇಲಿ ಇವಳ ಮೇಲೆ ದರ್ಬಾರು."

ಅಮ್ಮ ನಕ್ಕಳು. ಲೋಟ ಕೆಳಗಿಟ್ಟು, "ಹೆಸರೇನು ಅವಳದು?" ಅಂದಳು.

ನಿರ್ದೇಶಕನ ಹೆಸರು ಗೊತ್ತು. ನಟ ಫ್ಯೋದರ್ ನಿಕಿತಿನ್ ಅಂತ ಗೊತ್ತು. ಕಂದಕದಲ್ಲಿ ಫಿಲಿಮೊನೊವ್‌ಗೆ ಎದುರಾಗುವ ಜರ್ಮನ್ ಸಿಪಾಯಿಯೂ ಅದೇ ನಿಕಿತಿನ್, ಅಂದರೆ ಶತ್ರುವಿಗೂ ಇವನದೇ ಮುಖ ಅಂತ ಅಮ್ಮನಿಗೆ ಆಗಲೇ ಕೊಚ್ಚಿಕೊಂಡಿದ್ದೆ. ಶಿಲುಬೆಯ ಮೇಲಿನ ಏಸುವಿಗೆ ಗ್ಯಾಸ್ ಮಾಸ್ಕ್ ಹಾಕಿದ್ದನ್ನಂತೂ ನಿಲ್ಲಿಸಿ, ಹಿಂದಕ್ಕೆ ಹಾಕಿ ತೋರಿಸಿದ್ದೆ. ಇವಳ ಹೆಸರು ಮಾತ್ರ ಬಾಯಿಗೆ ಬರಲಿಲ್ಲ.

ಅಮ್ಮ ಏನೂ ಅನ್ನಲಿಲ್ಲ, ಹೋದಳು. ಮಿಷನ್ನು ಸುಮಾರು ಹೊತ್ತು ಶುರುವಾಗಲಿಲ್ಲ.

ಸೊಳ್ಳೆ ಬೇರೆ. ನಾಳೆ ಗ್ಯಾಸ್ ಬುಕ್ ಮಾಡಬೇಕು.

ಮತ್ತೆ ರೈಲಿನ ದೃಶ್ಯಕ್ಕೆ ಹೋದೆ. ಈ ಸಲ ಅವನನ್ನು ಬಿಟ್ಟು ಕಿಟಕಿಯನ್ನೇ ನೋಡೋಣ, ಅವಳಿಗೆ ಇವನು ಕಂಡನೋ ಇಲ್ಲವೋ ಅಂತ. ಅಷ್ಟರಲ್ಲಿ ಒಳಗಿಂದ, "ಲೋ, ಸೂಜಿಗೆ ದಾರ ಪೋಣಿಸಿಕೊಡು ಬಾ, ಕಣ್ಣು ಕಾಣ್ತಿಲ್ಲ"