ಎಲ್ಲವೂ ದೇವರ ಚಿತ್ತವಾದರೆ ಅಶ್ಶೂರ್ಯರ ತಪ್ಪೇನು?

ನಾನು ಬೈಬಲ್ ಓದುವವನು. ಜೊತೆಗೆ ಉತ್ಖನನದ ಸುದ್ದಿ ಎಂದರೆ ಹುಚ್ಚು. ಹಾಗಾಗಿ ಒಂದೇ ಪ್ರಶ್ನೆ ಎರಡು ಕಡೆಯಿಂದ ಬರುತ್ತದೆ. ಸಭೆಯ ಗೆಳೆಯರು ಕೇಳುವುದು: "ಎಲ್ಲವೂ ದೇವರ ಚಿತ್ತದಂತೆ ನಡೆದರೆ ಮನುಷ್ಯನಿಗೆ ಶಿಕ್ಷೆ ಯಾಕೆ?" ದೇವರನ್ನು ನಂಬದ ಗೆಳೆಯರು ಕೇಳುವುದು: "ಮಣ್ಣು ಅಗೆದಾಗ ಸಿಗೋದೆಲ್ಲ ಮನುಷ್ಯರ ಕೆಲಸವೇ ಅಲ್ವಾ? ದೇವರು ಎಲ್ಲಿ?"

ಇಬ್ಬರಿಗೂ ನಾನು ಹೇಳುವುದು ಕ್ರಿ.ಪೂ. 701ರ ಕಥೆ.

ಆ ವರ್ಷ ಅಶ್ಶೂರ್ಯದ (ಇಂದಿನ ಉತ್ತರ ಇರಾಕಿನ ಕಡೆಯ ಸಾಮ್ರಾಜ್ಯ) ಅರಸ ಸನ್ಹೇರೀಬ, ಯೆರೂಸಲೇಮ್ ರಾಜಧಾನಿಯಾಗಿದ್ದ ಯೆಹೂದ ರಾಜ್ಯದ ಮೇಲೆ ದಂಡೆತ್ತಿ ಬಂದ. ಅಲ್ಲಿಯ ಅರಸ ಹಿಜ್ಕೀಯ ಅವನ ವಿರುದ್ಧ ತಿರುಗಿ ಬಿದ್ದಿದ್ದ. ಪ್ರವಾದಿ ಯೆಶಾಯನ ಪುಸ್ತಕದ 10ನೇ ಅಧ್ಯಾಯ ಅಶ್ಶೂರ್ಯವನ್ನು ದೇವರ ಕೋಪದ ಕೋಲು ಎಂದು ಕರೆಯುತ್ತದೆ. ಕಳಿಸಿದವನು ದೇವರೇ. ಆದರೆ ಎರಡು ವಚನ ದಾಟಿದರೆ ಮಾತು ತಿರುಗುತ್ತದೆ: ಅಶ್ಶೂರ್ಯನ ಮನಸ್ಸಿನಲ್ಲಿ ಇದ್ದದ್ದು ಇದಲ್ಲ, ಜನಾಂಗಗಳನ್ನು ಹಾಳು ಮಾಡುವುದೇ ಅವನ ಆಸೆ. ಆ ಸೊಕ್ಕಿಗೆ ಶಿಕ್ಷೆಯೂ ಉಂಟು. ಕೋಲು ಹೌದು, ಆದರೆ ತನ್ನದೇ ಆಸೆ ಇರುವ ಕೋಲು. ಜಗಳವೆಲ್ಲ ಇಲ್ಲೇ ಇದೆ.

ಆ ಆಸೆ ಹೇಗಿತ್ತು ಎಂದು ನೋಡಲು ಲಾಕೀಷಿಗೆ ಹೋಗಬೇಕು. ಅದು ಯೆರೂಸಲೇಮಿನ ನೈಋತ್ಯಕ್ಕಿದ್ದ ಕೋಟೆ ಪಟ್ಟಣ. ಗೋಡೆ ಮುರಿಯಲು ಅಶ್ಶೂರ್ಯರು ಕಲ್ಲು ಸುರಿದು ಕಟ್ಟಿದ ಇಳಿಜಾರು ದಿಬ್ಬ ಇವತ್ತಿಗೂ ಅಲ್ಲಿದೆ. ಅಗೆದಾಗ ರಾಶಿ ರಾಶಿ ಬಾಣದ ಮೊನೆ, ಕವಣೆ ಕಲ್ಲು ಸಿಕ್ಕವು. ಒಳಗಿನವರೂ ಕೈಕಟ್ಟಿ ಕೂತಿರಲಿಲ್ಲ. ಎದುರಿಗೆ ಗೋಡೆಯ ಒಳಗಡೆ ತಾವೂ ಒಂದು ದಿಬ್ಬ ಎಬ್ಬಿಸಿದ್ದರು. ಆದರೂ ಸೋತರು. ಸನ್ಹೇರೀಬ ಈ ಗೆಲುವನ್ನು ತನ್ನ ರಾಜಧಾನಿ ನಿನೆವೆಯ ಅರಮನೆಯ ಗೋಡೆ ತುಂಬ ಕೆತ್ತಿಸಿದ. ಗಂಟುಮೂಟೆ ಹೊತ್ತ ಸೆರೆಯಾಳುಗಳು, ಶೂಲಕ್ಕೇರಿಸಿದ ಗಂಡಸರು, ಸಿಂಹಾಸನದ ಮೇಲೆ ಕೂತು ನೋಡುತ್ತಿರುವ ಅರಸ. ಈ ಉಬ್ಬುಶಿಲ್ಪಗಳು ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿವೆ.

1830ರಲ್ಲಿ ನಿನೆವೆಯಲ್ಲಿ ಸಿಕ್ಕ ಆರು ಮುಖದ ಮಣ್ಣಿನ ಪಟ್ಟಕದಲ್ಲಿ ಅವನ ಮಾತೇ ಇದೆ. 46 ಕೋಟೆ ಪಟ್ಟಣ ಹಿಡಿದೆ, 2,00,150 ಜನರನ್ನು ಹೊರಗೆ ತಂದೆ, ಹಿಜ್ಕೀಯನನ್ನು ಪಂಜರದ ಹಕ್ಕಿಯಂತೆ ಕೂಡಿಹಾಕಿದೆ ಎನ್ನುತ್ತಾನೆ. ಆ ದಂಡಯಾತ್ರೆಯಲ್ಲಿ ತಾನು ಕಾದಾಡಿದ್ದು ತನ್ನ ದೇವರು ಅಶ್ಶೂರನನ್ನು ನಂಬಿ ಎಂದೂ ಹೇಳಿಕೊಳ್ಳುತ್ತಾನೆ. ಅಂದರೆ ಅವನೂ ತಾನು ದೇವರ ಕೆಲಸ ಮಾಡುತ್ತಿದ್ದೇನೆ ಅಂದುಕೊಂಡವನೇ. ಯಾವ ದೇವರ ಕೆಲಸ ಎಂಬಲ್ಲಿ ಮಾತ್ರ ಯೆಶಾಯನ ಲೆಕ್ಕ ಬೇರೆ.

ಯೆರೂಸಲೇಮ್ ಬೀಳಲಿಲ್ಲ. ಒಂದೇ ರಾತ್ರಿ ದೇವದೂತನು 1,85,000 ಸೈನಿಕರನ್ನು ಹೊಡೆದನು ಎನ್ನುತ್ತದೆ ಬೈಬಲ್. ಪಟ್ಟಕದಲ್ಲಿ ಅದರ ಸುಳಿವೇ ಇಲ್ಲ, ಬಂದ ಕಪ್ಪದ ಪಟ್ಟಿ ಇದೆ. 30 ತಲಾಂತು (ಆ ಕಾಲದ ತೂಕದ ಅಳತೆ) ಬಂಗಾರದ ವಿಷಯದಲ್ಲಿ ಮಾತ್ರ ಎರಡೂ ಒಪ್ಪುತ್ತವೆ. ದುಡ್ಡಿನ ಲೆಕ್ಕ ಯಾರೂ ಮರೆಯುವುದಿಲ್ಲ ನೋಡಿ.

ನನಗೆ ಇದೆಲ್ಲಕ್ಕಿಂತ ಇಷ್ಟವಾಗುವುದು ಯೆರೂಸಲೇಮಿನ ನೀರಿನ ಸುರಂಗ. ಗೀಹೋನ್ ಬುಗ್ಗೆಯಿಂದ ಸಿಲೊವಾಮ್ ಕೊಳದವರೆಗೆ 533 ಮೀಟರ್, ಬಂಡೆಯಲ್ಲಿ ಎರಡೂ ತುದಿಯಿಂದ ಕೊರೆದದ್ದು. ಹಿಜ್ಕೀಯ ಮಾಡಿಸಿದ್ದು ಎಂದು ಹೆಚ್ಚಿನವರ ಅಭಿಪ್ರಾಯ, ಅದಕ್ಕಿಂತ ಹಳೆಯದು ಎನ್ನುವವರೂ ಇದ್ದಾರೆ. 1880ರಲ್ಲಿ ಅದರ ಗೋಡೆಯಲ್ಲಿ ಒಂದು ಹೀಬ್ರೂ ಶಾಸನ ಸಿಕ್ಕಿತು. ಉಳಿದಿರುವ ಸಾಲುಗಳಲ್ಲಿ ಅರಸನ ಹೆಸರಿಲ್ಲ. ದೇವರ ಹೆಸರೂ ಇಲ್ಲ. ಇರುವುದು ಕೆಲಸಗಾರರ ಸಂಗತಿ: ಮೂರು ಮೊಳ ಬಾಕಿ ಇದ್ದಾಗ ಆಚೆಯವನ ಕೂಗು ಈಚೆಯವನಿಗೆ ಕೇಳಿತು, ಪಿಕಾಸಿಗೆ ಪಿಕಾಸಿ ಎದುರಾಯಿತು, ನೀರು 1,200 ಮೊಳ ಹರಿಯಿತು. ಇಬ್ಬರೂ ಸೇರುವ ಜಾಗದ ಹತ್ತಿರ ದಿಕ್ಕು ತಪ್ಪಿ ಕೊರೆದು ಬಿಟ್ಟ ಗುರುತುಗಳೂ ಇವೆ.

ಈ ನೀರಿನ ಕೆಲಸಕ್ಕೆ ಬೈಬಲಿನಲ್ಲೇ ಎರಡು ತೀರ್ಪು. ಎರಡನೇ ಪೂರ್ವಕಾಲವೃತ್ತಾಂತ ಎಂಬ ಪುಸ್ತಕ ಹಿಜ್ಕೀಯನನ್ನು ಹೊಗಳುತ್ತದೆ. ಯೆಶಾಯ 22ರಲ್ಲಿ ಬೈಗುಳ: ಮನೆ ಕೆಡವಿ ಗೋಡೆ ಭದ್ರಮಾಡಿದಿರಿ, ನೀರು ಕೂಡಿಟ್ಟಿರಿ, ಇದನ್ನು ಬಹುಕಾಲದ ಹಿಂದೆಯೇ ಯೋಜಿಸಿದವನ ಕಡೆ ಮಾತ್ರ ನೋಡಲಿಲ್ಲ. (1970ರ ದಶಕದಲ್ಲಿ ಪುರಾತತ್ವಜ್ಞ ನಹ್ಮಾನ್ ಅವಿಗಾದ್ ಯೆರೂಸಲೇಮಿನಲ್ಲಿ ಅಗೆದು ತೆಗೆದ 7 ಮೀಟರ್ ದಪ್ಪದ ಗೋಡೆ ನಿಜವಾಗಿಯೂ ಮನೆಗಳ ಮೇಲೆಯೇ ಹಾದುಹೋಗಿದೆ.) ಗಮನಿಸಿ, ಅಗೆದದ್ದು ತಪ್ಪು ಎಂದು ಯೆಶಾಯ ಹೇಳುತ್ತಿಲ್ಲ. ಅಗೆದವರು ಮನುಷ್ಯರು, ಯೋಜಿಸಿದವನು ದೇವರು. ಎರಡನ್ನೂ ಒಂದೇ ಉಸಿರಿನಲ್ಲಿ ಹೇಳುತ್ತಾನೆ.

ನಾವು ಇದನ್ನು ಅಣ್ಣತಮ್ಮಂದಿರ ಜಮೀನು ಪಾಲಿನ ಹಾಗೆ ಲೆಕ್ಕ ಹಾಕುತ್ತೇವೆ. ಒಬ್ಬನಿಗೆ ಜಾಸ್ತಿ ಹೋದರೆ ಇನ್ನೊಬ್ಬನಿಗೆ ಕಡಿಮೆ. ದೇವರ ಕೃಪೆ ಎಷ್ಟು, ಮನುಷ್ಯನ ಇಚ್ಛೆ ಎಷ್ಟು ಎಂದು 5ನೇ ಶತಮಾನದಲ್ಲಿ ವಾದಿಸಿದ ಆಗಸ್ಟೀನ್ ಮತ್ತು ಪೆಲಾಗಿಯಸ್, 16ನೇ ಶತಮಾನದ ಲೂಥರ್ ಮತ್ತು ಎರಾಸ್ಮಸ್, ನೆದರ್ಲೆಂಡ್ಸಿನಲ್ಲಿ ನಡೆದ 1618-19ರ ಡಾರ್ಟ್ ಚರ್ಚ್ ಸಭೆ, ಹೀಗೆ ಆ ಪಾಲಿನ ಜಗಳ ಸಾವಿರಾರು ಪುಟ ತುಂಬಿದೆ. 13ನೇ ಶತಮಾನದ ಕ್ರೈಸ್ತ ಚಿಂತಕ ಥಾಮಸ್ ಅಕ್ವಿನಾಸ್ ಹೇಳಿದ್ದು ನನಗೆ ಹಿಡಿಸುತ್ತದೆ. ದೇವರು ಎಲ್ಲದರ ಮೊದಲ ಕಾರಣ. ಆದರೆ ಪ್ರತಿಯೊಂದನ್ನೂ ಅದರದರ ಸ್ವಭಾವದಂತೆಯೇ ನಡೆಸುತ್ತಾನೆ, ಇಚ್ಛೆ ಇರುವವರನ್ನು ಅವರ ಇಚ್ಛೆಯ ಮೂಲಕವೇ. ಹಾಗಿದ್ದ ಮೇಲೆ ಮಣ್ಣಿನಲ್ಲಿ ದೇವರ ಪಾಲು ಎಷ್ಟು ಎಂದು ಅಳೆಯುವುದೇ ವ್ಯರ್ಥ. ಸುರಂಗದ ಪ್ರತಿ ಅಡಿಯೂ ಪಿಕಾಸಿಯದ್ದೇ. ಸನ್ಹೇರೀಬನ ಸಾವೂ ಹಾಗೆಯೇ. ಕ್ರಿ.ಪೂ. 681ರಲ್ಲಿ ಅವನನ್ನು ಸ್ವಂತ ಮಕ್ಕಳೇ ಕೊಂದರು. ಬೈಬಲ್ ಓದುವವರಿಗೆ ಅದು ದೇವರು ನುಡಿದಂತೆ ಆದ ಸಾವು. ಅಶ್ಶೂರ್ಯದ ದಾಖಲೆ ನೋಡಿದರೆ ಅರ್ದ-ಮುಲಿಸ್ಸು ಎಂಬ ಮಗನ ಪಿತೂರಿ. ಪಟ್ಟ ತನಗೆ ತಪ್ಪಿ ತಮ್ಮ ಎಸರ್ಹದ್ದೋನನಿಗೆ ಹೋಯಿತು ಎಂಬ ಹೊಟ್ಟೆಕಿಚ್ಚು. ಒಂದನ್ನು ಒಪ್ಪಿದರೆ ಇನ್ನೊಂದನ್ನು ಬಿಡಬೇಕು ಎಂದು ನನಗೆ ಅನಿಸುವುದಿಲ್ಲ.

ಇಷ್ಟರಿಂದ ಎಲ್ಲ ಬಗೆಹರಿಯಿತು ಎನ್ನುತ್ತಿಲ್ಲ. 1930ರ ದಶಕದಲ್ಲಿ ಲಾಕೀಷಿನ ಗುಹೆಗಳಲ್ಲಿ ಸುಮಾರು 1,500 ಜನರ ಎಲುಬುಗಳು ಸಿಕ್ಕವು. ಹೆಂಗಸರು, ಮಕ್ಕಳು ಎಲ್ಲ ಸೇರಿ. 701ರಲ್ಲಿ ಸತ್ತವರು ಎಂದು ಹಲವು ವಿದ್ವಾಂಸರ ಊಹೆ. ಅಶ್ಶೂರ್ಯನ ಉದ್ದೇಶ ಕೆಟ್ಟದ್ದು, ಅದೇ ಕೆಲಸದಲ್ಲಿ ದೇವರ ಉದ್ದೇಶ ನ್ಯಾಯವಾದದ್ದು ಎನ್ನುತ್ತಾನೆ 16ನೇ ಶತಮಾನದ ಚರ್ಚ್ ಸುಧಾರಕ ಕ್ಯಾಲ್ವಿನ್. ತರ್ಕಕ್ಕೆ ಸರಿ ಇರಬಹುದು. ಆ ಮಕ್ಕಳ ಎಲುಬಿನ ಮುಂದೆ ನಿಂತು ಹೇಳಲು ನನಗೆ ಬಾಯಿ ಬರುವುದಿಲ್ಲ.

ಇನ್ನು ದೇವರ ಸ್ವಾತಂತ್ರ್ಯ. ಮೊದಲೇ ಬರೆದಿಟ್ಟದ್ದನ್ನು ಚಾಚೂ ತಪ್ಪದೆ ನಡೆಸುವುದೇ ಅದು ಎಂದುಕೊಂಡವರಿಗೆ ಯೆರೆಮೀಯ 26 ಓದಿ ಎನ್ನುತ್ತೇನೆ. ಸುಮಾರು ನೂರು ವರ್ಷದ ನಂತರ, ದೇವಾಲಯ ಹಾಳಾಗುತ್ತದೆ ಎಂದದ್ದಕ್ಕೆ ಯೆರೆಮೀಯನನ್ನು ಕೊಲ್ಲಲು ಜನ ನಿಂತಿದ್ದರು. ಆಗ ಹಿರಿಯರು ಎದ್ದು ಹಳೆಯದನ್ನು ನೆನಪಿಸಿದರು. ಹಿಜ್ಕೀಯನ ಕಾಲದಲ್ಲಿ ಪ್ರವಾದಿ ಮೀಕನೂ ಹೀಗೇ ಹೇಳಿದ್ದ, ಚೀಯೋನು (ಅಂದರೆ ಯೆರೂಸಲೇಮ್) ಹೊಲದಂತೆ ಉಳಲ್ಪಡುವುದು ಎಂದು. ಹಿಜ್ಕೀಯ ಅವನನ್ನು ಕೊಂದನೇ? ಇಲ್ಲ, ದೇವರಿಗೆ ಹೆದರಿ ಬೇಡಿಕೊಂಡ. ದೇವರೂ ಮನಸ್ಸು ಬದಲಿಸಿದ. ಯೆರೆಮೀಯ ಬದುಕಿದ, ಶಾಫಾನನ ಮಗ ಅಹೀಕಾಮ ಅವನ ಬೆನ್ನಿಗೆ ನಿಂತ. ಅದೇ ಅಧ್ಯಾಯದಲ್ಲಿ ಊರೀಯ ಎಂಬ ಇನ್ನೊಬ್ಬ ಪ್ರವಾದಿ ಇದ್ದಾನೆ. ಅವನೂ ಅದೇ ಮಾತು ಸಾರಿದ್ದ. ಅರಸ ಯೆಹೋಯಾಕೀಮ ಅವನನ್ನು ಐಗುಪ್ತದಿಂದ ಹಿಡಿತರಿಸಿ ಕತ್ತಿಯಿಂದ ಕೊಂದ. ಆ ಸಾವು ದೇವರ ಯೋಜನೆ ಎಂದು ಅಲ್ಲಿ ಬರೆದಿಲ್ಲ. ಅರಸ ಕೊಂದ ಎಂದಷ್ಟೇ ಇದೆ.