ಕೊನೆಗೂ ಬಾಲ ಬಂತು

ಮೊನ್ನೆ ರಾತ್ರಿ ಹನ್ನೊಂದರ ಸುಮಾರಿಗೆ, ಸಿಂಧನೂರಿನ ನಮ್ಮ ಮಾಳಿಗೆ ಮೇಲಿನ ರೂಮಿನಲ್ಲಿ, ಮೂರು ತಿಂಗಳಿಂದ ನನ್ನನ್ನು ಸತಾಯಿಸಿದ ಹುಳಕ್ಕೆ ಬಾಲ ಮೂಡಿತು. ಒಂದಲ್ಲ, ಎರಡು. ‘ಹುಳ ಅನ್ನಬಾರದು, ಏಕಕೋಶಜೀವಿ ಅನ್ನಬೇಕು’ ಅಂತ ಮಗಳಿಗೆ ಹೇಳಿ ಹೇಳಿ, ಈಗ ನನ್ನ ಬಾಯಲ್ಲೇ ಹುಳ ಅಂತ ಬರುತ್ತಿದೆ.

ಹೊರಟಿದ್ದು ಅಮೀಬಾ ಪ್ರೋಟಿಯಸ್ ಸಾಕಲು. ಮಾರ್ಚ್‌ನಲ್ಲಿ ಎಡದಂಡೆ ಕಾಲುವೆ ಕೆಳಗಿನ ಗದ್ದೆಯಿಂದ ಕೆಸರು ತಂದೆ, ಕುದಿಸಿದ ಸೋನಾ ಮಸೂರಿ ಕಾಳು ಎರಡು ಹಾಕಿಟ್ಟೆ, ಅನ್ನಕ್ಕೆ ಬ್ಯಾಕ್ಟೀರಿಯಾ ಹುಟ್ಟಿ, ಅವುಗಳ ಬೆನ್ನಿಗೆ ಅಮೀಬಾಗಳು ಬರುತ್ತವೆ. ಮೂರು ಪ್ರೋಟಿಯಸ್ ಸಿಕ್ಕವು, ಹನ್ನೊಂದಾದವು. ಏಪ್ರಿಲ್‌ನಲ್ಲಿ ರೂಮು 38 ಡಿಗ್ರಿ ದಾಟಿತು, ಹನ್ನೊಂದೂ ಉಂಡೆಗಟ್ಟಿ ಸತ್ತವು. 20 ಡಿಗ್ರಿ ಆಸುಪಾಸಿನಲ್ಲಿ ಸುಖವಾಗಿರುವ ಪ್ರಾಣಿಯನ್ನು ರಾಯಚೂರು ಜಿಲ್ಲೆಯ ಬೇಸಿಗೆಗೆ ಒಡ್ಡಿದವನಿಗೆ ಬುದ್ಧಿ ಇಲ್ಲ ಅನ್ನಿ.

ಅವು ಸತ್ತ ತಟ್ಟೆಯಲ್ಲೇ ಮತ್ತೊಂದು ಎದ್ದಿತು. 20 ಮೈಕ್ರಾನ್ ಉದ್ದ, ನಡೆಯಲು ಮೈಯಿಂದಲೇ ಚಾಚುವ ಒಂದೇ ಒಂದು ಅಗಲವಾದ ಹುಸಿಪಾದ, ಚಿಪ್ಪು ಕಳಕೊಂಡ ಬಸವನಹುಳುವಿನಂತೆ ಉದ್ದಕ್ಕೆ ಹರಿಯುವ ಜೀವ. ಸೂಕ್ಷ್ಮದರ್ಶಕದ ಹುಚ್ಚಿರುವ ನಾವು ಲೈಮ್ಯಾಕ್ಸ್ ಅನ್ನುವ ಆಕಾರ. ಬಿಸಿ ಏರಿದಷ್ಟೂ ಹುಲುಸಾಗಿ ಬೆಳೆಯಿತು.

ತಲೆನೋವು ಶುರುವಾದದ್ದು ಇಲ್ಲಿ. ಈ ಆಕಾರ ಎರಡು ಬೇರೆ ಬೇರೆ ಮನೆತನಗಳಲ್ಲಿದೆ. ಒಂದು ಪ್ರೋಟಿಯಸ್‌ನ ಅಮೀಬೋಝೋವಾ, ಇನ್ನೊಂದು ಹೆಟರೋಲೋಬೋಸಿಯಾ. ಮೊದಲನೆಯದು ನಳದ ನೀರಿನಂತೆ ಸಮನಾಗಿ ಹರಿಯುತ್ತದೆ. ಎರಡನೆಯದು ಜೋಳದ ಅಂಬಲಿ ಕುದಿಯುವಾಗ ಬುಳಕ್ ಅಂತ ಉಬ್ಬುತ್ತದಲ್ಲ, ಹಾಗೆ ಮುಂದಿನ ಅಂಚಿನಲ್ಲಿ ಒಮ್ಮೆ ಎಡಕ್ಕೆ ಒಮ್ಮೆ ಬಲಕ್ಕೆ ಉಬ್ಬಿ ಮುನ್ನುಗ್ಗುತ್ತದೆ. ಓದಲು ಸಲೀಸು. ನೋಡಲು ಕೂತರೆ ನನ್ನದು ಸೋಮವಾರ ಹರಿಯಿತು, ಮಂಗಳವಾರ ಉಬ್ಬಿತು, ಬುಧವಾರ ಹನಿಯ ಮೇಲೆ ಮುಚ್ಚುವ ತೆಳು ಗಾಜಿನ, ಅಂದರೆ ಕವರ್‌ಸ್ಲಿಪ್‌ನ, ಒತ್ತಡಕ್ಕೆ ಎರಡನ್ನೂ ಮಾಡಿತು. ಕವರ್‌ಸ್ಲಿಪ್ ಅಂದೆನಲ್ಲ, ಆನ್‌ಲೈನ್‌ನಲ್ಲಿ ತರಿಸಿದ ನೂರರ ಡಬ್ಬಿ ಹಸಿ ಹಪ್ಪಳದ ಹಾಗೆ ಒಂದಕ್ಕೊಂದು ಅಂಟಿಕೊಂಡು ಬಂತು. ವಾಪಸ್ ಮಾಡಿದೆ. ಬದಲಿಗೆ ಬಂದದ್ದೂ ಹಪ್ಪಳವೇ.

ಉಳಿದದ್ದು ನೀರಿನ ಪರೀಕ್ಷೆ. ಬ್ಯಾಕ್ಟೀರಿಯಾ ತೊಳೆದು, ಲವಣವಿಲ್ಲದ ನೀರಿಗೆ ಬಿಟ್ಟರೆ ಹೆಟರೋಲೋಬೋಸಿಯಾದ ಹಲವು ಅಮೀಬಾಗಳು ಕಶಾಂಗ, ಅಂದರೆ ಚಾಟಿಯಂಥ ಬಾಲ, ಬೆಳೆಸಿಕೊಂಡು ಈಜುತ್ತವೆ. ಬಾಲ ಬಂದರೆ ಬಹುಮಟ್ಟಿಗೆ ತೀರ್ಪು ಆದಂತೆ. ಬರದಿದ್ದರೆ ಏನೂ ಆಗಲಿಲ್ಲ, ಯಾಕಂದರೆ ಅದೇ ಮನೆತನದ ವಾಲ್ಕಾಂಫಿಯಾ ಬಾಲ ಬಿಡುವುದೇ ಇಲ್ಲ.

ಮೊದಲ ಸಲ ಇಪ್ಪತ್ತು ಲೀಟರ್ ಕ್ಯಾನಿನ ನೀರು. ಟಿಡಿಎಸ್, ಅಂದರೆ ನೀರಿನಲ್ಲಿ ಕರಗಿದ ಲವಣದ ಅಳತೆ, 90. ಬಾಲ ಇಲ್ಲ. ಎರಡನೇ ಸಲ ‘ಡಿಸ್ಟಿಲ್ಡ್’ ಅಂತ ದಪ್ಪಕ್ಷರದಲ್ಲಿ ಬರೆದ ಬ್ಯಾಟರಿ ನೀರು. ಇಡೀ ರಾತ್ರಿ ಕಾದೆ. ಬೆಳಿಗ್ಗೆ ಅನುಮಾನ ಬಂದು ಮೀಟರ್ ಅದ್ದಿದರೆ 64! ಅಂಗಡಿಗೆ ಹೋಗಿ ಕೇಳಿದೆ. “ಸರ, ಯಾರ ಇನ್ವರ್ಟರೂ ಇಲ್ಲೀತನಕ ತಕರಾರು ಮಾಡಿಲ್ರೀ, ನಿಮ್ಮ ಹುಳ ಯಾಕ ಮಾಡ್ತಾವ?” ಅಂದ. ಉತ್ತರ ಹೊಳೆಯಲಿಲ್ಲ, ಬಂದುಬಿಟ್ಟೆ.

ಮಿರಗ ಮಳೆಗೆ ಕಾದೆ. ಮೊದಲ ಹತ್ತು ನಿಮಿಷದ ಧೂಳುಮಳೆ ಬಿಟ್ಟು, ಆಮೇಲೆ ಮಾಳಿಗೆ ಮೇಲೆ ಸ್ಟೀಲ್ ಬೋಗುಣಿ ಇಟ್ಟು ಹಿಡಿದೆ. ಮೀಟರ್ 11 ತೋರಿಸಿತು. ಮರುದಿನ ಮಧ್ಯಾಹ್ನ ಅದಕ್ಕೇ ಬಿಟ್ಟೆ. ಎಲ್ಲವೂ ಗುಂಡಗಾಗಿ, ಗೋಡೆ ಕಟ್ಟಿಕೊಂಡು ಸಿಸ್ಟ್ ಆಗಿ, ಅಂದರೆ ಕಷ್ಟಕಾಲ ಕಳೆಯುವ ನಿದ್ದೆಗೆ ಕೂತವು. ರೂಮು 37 ಇತ್ತು. ನೀರಿನ ಹಿಂದೆ ಬಿದ್ದು ಬಿಸಿಲನ್ನು ಮರೆತಿದ್ದೆ ಅನ್ನುವುದು ಆಗ ಹೊಳೆಯಿತು.

ಕೊನೆಗೆ ಕೈ ಹಿಡಿದದ್ದು ಅವ್ವನ ಹಳೆಯ ಮಣ್ಣಿನ ಹರವಿ. ಅದರೊಳಗೆ ಹಸಿ ಮರಳು, ಮರಳಿನ ಮೇಲೆ ತಟ್ಟೆ, ಬಾಯಿಗೆ ಒದ್ದೆ ಬಟ್ಟೆ. ಒಳಗೆ 28 ಡಿಗ್ರಿ, ಕರೆಂಟ್ ಹೋದರೂ 28. ಒಂಬತ್ತೂವರೆಗೆ ಮಳೆನೀರು ಹಾಕಿದೆ. ನಲವತ್ತು ನಿಮಿಷಕ್ಕೆ ಏನೂ ಇಲ್ಲ. ಕೆಳಗಿನಿಂದ ಮನೆಯಾಕೆ, “ಊಟಕ್ಕ ಬರ್ತೀರೋ, ಇಲ್ಲಾ ಅವಕ್ಕೇ ಬಡಸ್ಲೋ?” ಅಂದಳು. ಎಪ್ಪತ್ತಕ್ಕೆ ಕೆಲವು ಗುಂಡಗಾದವು. ಮತ್ತೆ ಸಿಸ್ಟ್ ಅಂತ ಬೈದುಕೊಂಡೆ. ಅಷ್ಟರಲ್ಲಿ ಒಂದು ಗುಂಡು ನಿಂತಲ್ಲೇ ನಡುಗಿತು, ಗಿರಗಿರ ತಿರುಗಿತು, ಪೇರಲದ ಆಕಾರಕ್ಕೆ ಬಂದು ನೋಟದಿಂದ ಹಾರಿ ಹೋಯಿತು. ಬೆನ್ನಟ್ಟಲು ಆಗಲಿಲ್ಲ. ಒಂದು ಹನಿ ಅಯೋಡಿನ್ ಬಿಟ್ಟು, ಸೂಕ್ಷ್ಮದರ್ಶಕದ ಬೆಳಕು ಕೂಡಿಸುವ ಮಸೂರದ (ಕಂಡೆನ್ಸರ್) ಕೆಳಗೆ ಕರಿ ಕಾಗದ ಅರ್ಧ ತೂರಿಸಿ ಬೆಳಕು ಓರೆ ಮಾಡಿದಾಗ ಕಂಡವು, ಒಂದೇ ತುದಿಯಿಂದ ಹೊರಟ ಎರಡು ಕೂದಲೆಳೆ.

ನೇಗ್ಲೇರಿಯಾ, ಇಲ್ಲವೇ ಅದರ ಹತ್ತಿರದ ಸಂಬಂಧಿ. ನೇಗ್ಲೇರಿಯಾ ಗ್ರುಬೆರಿಯ ಅಮೀಬಾ ರೂಪದಲ್ಲಿ ಕಶಾಂಗದ ಬುಡಕ್ಕೆ ಬೇಕಾದ ಸೆಂಟ್ರಿಯೋಲ್‌ಗಳೇ ಇರುವುದಿಲ್ಲ. ಆ ತಾಸು-ಒಂದೂವರೆ ತಾಸಿನಲ್ಲಿ ಹೊಸದಾಗಿ ಕಟ್ಟಿಕೊಳ್ಳುತ್ತದೆ. ನಮ್ಮ ಮನೆಗೆ ಬಾತ್‌ರೂಮು ಕಟ್ಟಲು ಮೇಸ್ತ್ರಿ ಒಂದು ವರ್ಷ ತಗೊಂಡ.

ಪಿಯು ಪುಸ್ತಕದಲ್ಲಿ ಪ್ರೋಟೋಝೋವಾಕ್ಕೆ ನಾಲ್ಕು ಡಬ್ಬಿ ಇವೆ: ಅಮೀಬಾದಂಥವು, ಕಶಾಂಗದವು, ಲೋಮಾಂಗದವು, ಸ್ಪೋರೋಝೋವಾ. ನನ್ನ ಹುಳ ಊಟದ ಹೊತ್ತಿನಲ್ಲಿ ಮೊದಲ ಡಬ್ಬಿಯಿಂದ ಎರಡನೆಯದಕ್ಕೆ ಜಿಗಿಯಿತು. ವಂಶದ ಲೆಕ್ಕ ಹಿಡಿದರೆ ಇನ್ನೂ ಮಜಾ. ಅದೇ ಕೆಸರಿನ ಹಸಿರು ಯುಗ್ಲೀನಾ ಇದಕ್ಕೆ ಹತ್ತಿರದ ನಂಟು. ಪ್ರೋಟಿಯಸ್ ಆದರೋ ಇದಕ್ಕಿಂತ ನನಗೆ, ನಿಮಗೆ, ಅಣಬೆಗೆ ಹತ್ತಿರ. ಸತ್ತ ಹನ್ನೊಂದರ ಬಗ್ಗೆ ಆಮೇಲೆ ಸ್ವಲ್ಪ ಹೆಚ್ಚೇ ಬೇಜಾರಾಯಿತು.

ಖುಷಿ ಅರ್ಧ ತಾಸು ಇತ್ತು. ಕೇರಳದಲ್ಲಿ ಜನರ ಜೀವ ತೆಗೆದ ಮೆದುಳು ತಿನ್ನುವ ಅಮೀಬಾ ನೇಗ್ಲೇರಿಯಾ ಫೌಲೆರಿಯೂ ಹೀಗೇ ಬಾಲ ಬಿಡುತ್ತದೆ. ಅದು 45 ಡಿಗ್ರಿಯಲ್ಲೂ ಬೆಳೆಯುತ್ತದೆ. ಪ್ರೋಟಿಯಸ್ ಸತ್ತ ಬಿಸಿಯಲ್ಲಿ ಹುಲುಸಾಗಿ ಬೆಳೆದದ್ದನ್ನು ಆರಿಸಿ ಸಾಕಿದವನು ನಾನೇ! ಕುಡಿದರೆ ಏನೂ ಆಗದು, ಮೂಗಿನೊಳಗೆ ನೀರು ಹೋದರಷ್ಟೇ ಅಪಾಯ. ಆದರೆ ನನ್ನ ಸೂಕ್ಷ್ಮದರ್ಶಕದಲ್ಲಿ ಇದು ಯಾವ ಪ್ರಭೇದ ಅಂತ ಹೇಳಲಾಗದು, ಅದಕ್ಕೆ ಪಿಸಿಆರ್ ಅನ್ನುವ ಡಿಎನ್‌ಎ ಪರೀಕ್ಷೆ ಬೇಕು. ತಟ್ಟೆ, ಮರಳು, ಪಿಪೆಟ್ ಎಲ್ಲವನ್ನೂ ಹಳೆ ಕುಕ್ಕರಿಗೆ ಹಾಕಿ ಅರ್ಧ ತಾಸು ಸೀಟಿ ಹೊಡೆಸಿದೆ. ಪ್ಲಾಸ್ಟಿಕ್ ಪಿಪೆಟ್ ಕರಗಿ ಮರಳಿಗೆ ಅಂಟಿತು. ಬಿಸಿಯಲ್ಲಿ ಬೆಳೆದ ಲೈಮ್ಯಾಕ್ಸ್ ನಿಮ್ಮಲ್ಲಿದ್ದರೆ ನೀವೂ ಕುದಿಸಿಬಿಡಿ, ಮಕ್ಕಳನ್ನು ಆ ರೂಮಿಗೆ ಬಿಡಬೇಡಿ.

ಮುಂದಿನದು ಮನೆ ಕಟ್ಟುವ ಅಮೀಬಾಗಳು. ಅಂತರಗಂಗೆ ಬೇರು ತೊಳೆದ ನೀರಿನಲ್ಲಿ ಆಗಲೇ ಒಂದು ಅರ್ಸೆಲ್ಲಾ ಸಿಕ್ಕಿದೆ, ನಡುವೆ ತೂತಿರುವ ಕಂದು ಉದ್ದಿನವಡೆ. ಡಿಫ್ಲೂಜಿಯಾ ಮರಳು ಕಣ ಅಂಟಿಸಿ ಮನೆ ಕಟ್ಟುತ್ತದೆ, ತುಂಗಭದ್ರೆಯ ಮರಳು ಕೊಟ್ಟು ನೋಡಬೇಕು. ಯುಗ್ಲೈಫಾ ಗಾಜಿನಂಥ ಹುರುಪೆಗಳನ್ನು ಮೈಯೊಳಗೇ ಮಾಡಿ ಹೊರಗೆ ಜೋಡಿಸುತ್ತದೆ. ಅದರ ಹುಸಿಪಾದ ದಾರದ ಹಾಗೆ ತೆಳ್ಳಗೆ, ಮನೆತನವೂ ಬೇರೆಯೇ, ರೈಝೇರಿಯಾ, ಅಂದರೆ ನೋಡಲು ಒಂದೇ, ವಂಶ ಬೇರೆ ಅನ್ನುವ ಇದೇ ಜಗಳ ಅಲ್ಲೂ ಕಾದಿದೆ. ಹರವಿ ಮಾತ್ರ ಅವ್ವ ವಾಪಸ್ ತಗೊಳ್ಳಲ್ಲ ಅಂದಿದ್ದಾಳೆ.