ಮೋಡ ಹೇಳಿದ ಕಡೆ ಕ್ಯಾಮೆರಾ

ನಮ್ಮ ಕಾಲೇಜಿನ ಭೌತಶಾಸ್ತ್ರ ವಿಭಾಗದ ತಾರಸಿಯಲ್ಲಿ ಒಂದು ಇಡೀ ಹಗಲು ಕಳೆದಿದ್ದೇನೆ. ಆಗ ಎರಡನೇ ಬಿ.ಎಸ್ಸಿ. ಕಾರಣ ನಮ್ಮ ಮೇಡಂ.

ಭೂಮಿ ತಿರುಗುವ ಪಾಠ ಮಾಡುತ್ತಾ ಅವರು ಒಂದು ಸಿನಿಮಾದ ವಿಷಯ ತೆಗೆದರು. ಬ್ರಿಟನ್ನಿನ ಕ್ರಿಸ್ ವೆಲ್ಸ್‌ಬಿ 1974ರಲ್ಲಿ ಮಾಡಿದ 'ಸೆವೆನ್ ಡೇಸ್'. ಕಥೆ ಇಲ್ಲ, ನಟರಿಲ್ಲ. ವೇಲ್ಸ್‌ನ ಕಾರ್ನಿಂಗ್ಲಿ ಬೆಟ್ಟದಲ್ಲಿ ಸಣ್ಣ ತೊರೆಯ ಪಕ್ಕ ಏಳು ದಿನ ಕ್ಯಾಮೆರಾ ನಿಂತಿತ್ತು. ಸೂರ್ಯ ಹುಟ್ಟಿದಾಗ ಶುರು, ಮುಳುಗಿದಾಗ ಬಂದ್. ಹತ್ತು ಸೆಕೆಂಡಿಗೆ ಒಂದು ಚಿತ್ರ. ಅದು ಕೂತಿದ್ದು ನಕ್ಷತ್ರ ನೋಡುವವರು ಬಳಸುವ ಸ್ಟ್ಯಾಂಡಿನ ಮೇಲೆ. ಆ ಸ್ಟ್ಯಾಂಡು ಭೂಮಿಯ ಅಕ್ಷದ ನೇರಕ್ಕೆ ನಿಂತು ಭೂಮಿಯ ವೇಗದಲ್ಲೇ ತಿರುಗುತ್ತದೆ. ಸೂರ್ಯ ಮೋಡದಲ್ಲಿದ್ದರೆ ಕ್ಯಾಮೆರಾ ಸೂರ್ಯನ ಕಡೆ. ಬಿಸಿಲು ಬಂತೋ, ತನ್ನದೇ ನೆರಳಿನ ಕಡೆ. "ಎತ್ತ ತಿರುಗಬೇಕು ಅಂತ ಹೇಳೋದು ಮೋಡ" ಎಂದರು ಮೇಡಂ. ಅದಕ್ಕೂ ಮೊದಲು, 1972ರಲ್ಲಿ, ಲಂಡನ್ನಿನ ಹ್ಯಾಂಪ್‌ಸ್ಟೆಡ್ ಹೀತ್ ಬಯಲಲ್ಲಿ ಎರಡು ಕ್ಯಾಮೆರಾಗಳನ್ನು ಇದೇ ಮನುಷ್ಯ ಗಾಳಿಯ ಕೈಗೆ ಕೊಟ್ಟಿದ್ದರಂತೆ. ಗಾಳಿ ಬೀಸಿದತ್ತ ಅವು ತಿರುಗುತ್ತಿದ್ದವು.

"ನಾವೂ ಮಾಡೋಣ್ವಾ ಮೇಡಂ?" ಅಂತ ಹಿಂದಿನ ಬೆಂಚಿನಿಂದ ಕೇಳಿದ್ದು ನಾನು.

ಆಷಾಢದ ಒಂದು ಶನಿವಾರ ಐದು ಜನ ತಾರಸಿ ಹತ್ತಿದೆವು. ಮೈಸೂರು ಇರುವುದು ಸುಮಾರು 12 ಡಿಗ್ರಿ ಅಕ್ಷಾಂಶದಲ್ಲಿ. ಭೂಮಿಯ ಅಕ್ಷದ ನೇರಕ್ಕೆ ಬರಲು ಸರಳು ಅಕ್ಷಾಂಶದಷ್ಟೇ ಎದ್ದಿರಬೇಕು. ಹಾಗಾಗಿ ಲ್ಯಾಬಿನಲ್ಲಿ ಗಾಜಿನ ನಳಿಕೆ ಹಿಡಿಸುವ ರಿಟಾರ್ಟ್ ಸ್ಟ್ಯಾಂಡಿನ ಸರಳನ್ನು ಉತ್ತರಕ್ಕೆ ಮಲಗಿಸಿ, ಆ ತುದಿಯನ್ನು ಬರೀ 12 ಡಿಗ್ರಿ ಎತ್ತಿದರೆ ಸಾಕಾಯಿತು. ವೇಲ್ಸ್‌ನ ಆ ಬೆಟ್ಟದಲ್ಲಾದರೆ 52 ಡಿಗ್ರಿ ಎತ್ತಬೇಕು. ಮೋಟಾರು ಇರಲಿಲ್ಲ. ಕೋನಮಾಪಕ ನೋಡಿಕೊಂಡು, ಭೂಮಿಯ ವೇಗಕ್ಕೆ ಸರಿಯಾಗಿ ನಾಲ್ಕು ನಿಮಿಷಕ್ಕೆ ಒಂದು ಡಿಗ್ರಿ ಕೈಯಲ್ಲೇ ತಿರುಗಿಸಿದೆವು. ಒಬ್ಬ ಗಡಿಯಾರ ಹಿಡಿದ, ಒಬ್ಬಳು ಬಟನ್ ಒತ್ತಿದಳು. ನನ್ನ ಪಾಲಿಗೆ ಬಂದದ್ದು ಮೋಡ ನೋಡುವ ಕೆಲಸ.

ಸುಲಭ ಅಂದುಕೊಂಡಿದ್ದೆ. ಆದರೆ ತೆಳುಮೋಡ ಬಂದಾಗ ಅದನ್ನು ಬಿಸಿಲು ಅನ್ನೋದಾ, ಮೋಡ ಅನ್ನೋದಾ? ಕೊನೆಗೆ ಆಕಾಶ ಬಿಟ್ಟು ನೆಲ ನೋಡತೊಡಗಿದೆ. ನಮ್ಮ ನೆರಳಿಗೆ ಅಂಚು ಮೂಡಿದರೆ "ಬಿಸಿಲು!" ಅಂತ ಕೂಗುತ್ತಿದ್ದೆ. ಅಂಚು ಕರಗಿದರೆ "ಮೋಡ!" ಗಾಳಿ ಪಡುವಣದ್ದು. ನಮ್ಮ ಮೇಲಿಂದ ಜಾರಿದ ಮೋಡದ ನೆರಳು ಸ್ವಲ್ಪ ಹೊತ್ತಿಗೆ ಚಾಮುಂಡಿ ಬೆಟ್ಟ ಹತ್ತುತ್ತಿತ್ತು. ಹುಟ್ಟಿದಾಗಿನಿಂದ ದಿನಾ ಕಂಡ ಬೆಟ್ಟ ಅದು. ನೆರಳು ಅದನ್ನು ಹತ್ತುವುದನ್ನು ನೋಡಿದ್ದು ಅವತ್ತೇ.

ಸಂಜೆ ನಾಲ್ಕಕ್ಕೆ ಬ್ಯಾಟರಿ ಮುಗಿಯಿತು. ಹತ್ತು ಸೆಕೆಂಡಿಗೆ ಒಂದರಂತೆ ಒಂಬತ್ತು ತಾಸಿನಲ್ಲಿ 3240 ಚಿತ್ರ. ಸೆಕೆಂಡಿಗೆ 24ರಂತೆ ಓಡಿಸಿದರೆ ಎರಡೂಕಾಲು ನಿಮಿಷ, ಅಷ್ಟೇ.

ಸೋಮವಾರ ಲ್ಯಾಬಿನ ಕಿಟಕಿ ಮುಚ್ಚಿ ಗೋಡೆಯ ಮೇಲೆ ಹಾಕಿದೆವು. ಮೋಡದೊಳಗಿನ ಸೂರ್ಯ ನಡುವೆ ನಿಂತಲ್ಲೇ ನಿಂತಿದ್ದ. ತಾರಸಿಯ ಕಟ್ಟೆ, ತೆಂಗಿನ ತಲೆಗಳು ಮೆಲ್ಲಗೆ ಕೆಳಕ್ಕೆ ಜಾರಿದವು. ತಿರುಗುತ್ತಿದ್ದದ್ದು ನಾವು! ಭೂಮಿ ತಿರುಗುತ್ತದೆ ಎಂದು ಎಷ್ಟು ಪರೀಕ್ಷೆಗಳಲ್ಲಿ ಬರೆದಿದ್ದೆನೋ.

ಚಿತ್ರ ಮುಗಿದರೂ ಮೇಡಂ ಲೈಟ್ ಹಾಕಲಿಲ್ಲ. "ಇನ್ನೊಂದ್ ಸಲ ಹಾಕ್ರಪ್ಪಾ" ಎಂದರು.